ಆರು ಮೈಲಿಯ ಚೌಕ: ಅಮೆರಿಕದ ಟೌನ್‌ಶಿಪ್ ಕುರಿತು ಓದುಗರ ಪ್ರಶ್ನೆಗಳು

ಪ್ರಶ್ನೆ: ಅಮೆರಿಕದ ಹಳ್ಳಿಗಾಡಿನ ನಕ್ಷೆಗಳಲ್ಲಿ ಕಾಣುವ ‘ಟೌನ್‌ಶಿಪ್’ ಒಂದು ಊರೋ, ಅಥವಾ ಬರೀ ನೆಲದ ಅಳತೆಯೋ?

ಉತ್ತರ: ಒಂದೇ ಹೆಸರಿನಲ್ಲಿ ಎರಡು ಬೇರೆ ಸಂಗತಿಗಳಿವೆ. ಮೊದಲನೆಯದು ಮೋಜಣಿಯ ಟೌನ್‌ಶಿಪ್. 1785ರ ಮೇ 20ರಂದು ಅಮೆರಿಕದ ಕಾಂಗ್ರೆಸ್ ಒಪ್ಪಿದ ಭೂ ಶಾಸನದಿಂದ ಹುಟ್ಟಿದ್ದು. ಆರು ಮೈಲಿ ಉದ್ದ, ಆರು ಮೈಲಿ ಅಗಲದ ಚೌಕ. ಒಳಗೆ ಒಂದೊಂದು ಚದರ ಮೈಲಿಯ 36 ಸೆಕ್ಷನ್‌ಗಳು. ಒಂದು ಸೆಕ್ಷನ್ ಎಂದರೆ 640 ಎಕರೆ, ಇಡೀ ಚೌಕ 23,040 ಎಕರೆ. ಅಲ್ಲಿ ಒಂದು ಮನೆಯೂ ಇಲ್ಲದಿದ್ದರೂ ಈ ಟೌನ್‌ಶಿಪ್ ಇರುತ್ತದೆ.

ಎರಡನೆಯದು ಆಡಳಿತದ ಟೌನ್‌ಶಿಪ್: ತೆರಿಗೆ ಎತ್ತುತ್ತದೆ, ರಸ್ತೆ ನೋಡಿಕೊಳ್ಳುತ್ತದೆ, ಚುನಾವಣೆ ನಡೆಸುತ್ತದೆ. ಮಿಶಿಗನ್, ಮಿನ್ನೆಸೋಟಾದಂಥ ಕಡೆ ಇವೆರಡರ ಗಡಿ ಬಹಳ ಸಲ ಒಂದೇ. ಪೆನ್ಸಿಲ್ವೇನಿಯಾ, ನ್ಯೂಜೆರ್ಸಿಗಳಲ್ಲಿ ಹಾಗಲ್ಲ. ಅಲ್ಲಿ ಟೌನ್‌ಶಿಪ್‌ಗಳು ಈ ಶಾಸನಕ್ಕೂ ಮೊದಲಿನಿಂದ ಇವೆ, ಹೊಳೆ ಗುಡ್ಡಗಳ ಜಾಡಿನಲ್ಲಿ ಅಂಕುಡೊಂಕಾಗಿ ಹರಡಿವೆ. ಪಶ್ಚಿಮದ ಹಲವು ರಾಜ್ಯಗಳಲ್ಲಿ ಮೋಜಣಿಯ ಚೌಕ ಮಾತ್ರ ಉಂಟು, ಆಡಳಿತವೆಲ್ಲ ಕೌಂಟಿಯದು (ರಾಜ್ಯದೊಳಗಿನ ಜಿಲ್ಲೆಯಂಥ ಘಟಕ).

ಪ್ರಶ್ನೆ: ಹಳೆಯ ಹಕ್ಕುಪತ್ರವೊಂದರಲ್ಲಿ ‘ಎನ್‌ಡಬ್ಲ್ಯು 1/4, ಎಸ್‌ಇ 1/4, ಸೆಕ್ಷನ್ 14, ಟಿ 3 ಎನ್, ಆರ್ 2 ಇ’ ಎಂದಿದೆ. ಜಮೀನು ಎಲ್ಲಿದೆ ಎಂದು ನಕ್ಷೆಯಲ್ಲಿ ಗುರುತಿಸುವುದು ಹೇಗೆ?

ಉತ್ತರ: ಕೊನೆಯಿಂದ ಹಿಂದಕ್ಕೆ ಓದಿ. ಆದರೆ ಅದಕ್ಕೂ ಮೊದಲು, ಪತ್ರದಲ್ಲಿ ಯಾವ ಮೂಲ ಮಧ್ಯಾಹ್ನರೇಖೆಯ (ಅಳತೆಗೆ ಆಧಾರವಾದ ಉತ್ತರ-ದಕ್ಷಿಣ ಗೆರೆ) ಹೆಸರಿದೆ ನೋಡಿಕೊಳ್ಳಿ. ಅಮೆರಿಕದಲ್ಲಿ ಇಂಥವು ಮೂವತ್ತಕ್ಕೂ ಹೆಚ್ಚಿವೆ. ರೇಖೆಯ ಹೆಸರು ಬಿಟ್ಟರೆ ನಿಮ್ಮ ಜಮೀನು ಬೇರೆಯೇ ರಾಜ್ಯಕ್ಕೆ ಹಾರೀತು. ಹುಡುಕುವವರು ಎಲ್ಲಕ್ಕಿಂತ ಹೆಚ್ಚಾಗಿ ಎಡವುವುದು ಇಲ್ಲೇ.

‘ಆರ್ 2 ಇ’ ಎಂದರೆ ಆ ಮಧ್ಯಾಹ್ನರೇಖೆಯಿಂದ ಪೂರ್ವಕ್ಕೆ ಎರಡನೆಯ ಸಾಲು (ರೇಂಜ್), ಅಂದರೆ 6ರಿಂದ 12ನೆಯ ಮೈಲಿಯ ನಡುವೆ. ‘ಟಿ 3 ಎನ್’ ಎಂದರೆ ಅಡಿರೇಖೆಯಿಂದ (ಆಧಾರವಾದ ಪೂರ್ವ-ಪಶ್ಚಿಮ ಗೆರೆ) ಉತ್ತರಕ್ಕೆ ಮೂರನೆಯ ಚೌಕ (ಟೌನ್‌ಶಿಪ್), 12ರಿಂದ 18ನೆಯ ಮೈಲಿಯ ನಡುವೆ. (ಡೆಟ್ರಾಯಿಟ್ ನಗರದ ಅಂಚಿನ ಏಟ್ ಮೈಲ್ ರಸ್ತೆ ಮಿಶಿಗನ್‌ನ ಅಡಿರೇಖೆಯ ಮೇಲೆಯೇ ಓಡುತ್ತದೆ.)

ಇನ್ನು ಸೆಕ್ಷನ್. 1796ರ ಕಾಯ್ದೆಯ ನಂತರ ಸಂಖ್ಯೆಗಳು ನೇಗಿಲು ಹೂಡಿದ ಎತ್ತು ತಿರುಗುವಂತೆ ಸಾಗುತ್ತವೆ. ಈಶಾನ್ಯ ಮೂಲೆಯಲ್ಲಿ 1. ಅಲ್ಲಿಂದ ಪಶ್ಚಿಮಕ್ಕೆ 6ರವರೆಗೆ. ಕೆಳಗಿನ ಸಾಲಿನಲ್ಲಿ 7ರಿಂದ 12 ಪೂರ್ವಕ್ಕೆ. ಹೀಗೇ ಹೋಗಿ ಆಗ್ನೇಯ ಮೂಲೆಯಲ್ಲಿ 36. ಹಾಗಾಗಿ 14 ಬರುವುದು ಉತ್ತರದಿಂದ ಮೂರನೆಯ ಸಾಲಿನಲ್ಲಿ, ಪೂರ್ವದಂಚಿನಿಂದ ಎರಡನೆಯದಾಗಿ. ಅದರ ಆಗ್ನೇಯ ಕಾಲುಭಾಗ (ಎಸ್‌ಇ 1/4) 160 ಎಕರೆ. ಆ ಕಾಲುಭಾಗದ ವಾಯವ್ಯ ಕಾಲುಭಾಗ (ಎನ್‌ಡಬ್ಲ್ಯು 1/4) 40 ಎಕರೆ. ನಿಮ್ಮ ಜಮೀನಿನ ವಾಯವ್ಯ ಮೂಲೆ ಸೆಕ್ಷನ್‌ನ ನಟ್ಟನಡುವೆ ತಾಗುತ್ತದೆ.

ಒಹಾಯೋದ ಪೂರ್ವ ಅಂಚಿನ ‘ಸೆವೆನ್ ರೇಂಜಸ್’ ಪ್ರದೇಶದ್ದಾದರೆ ಈ ಲೆಕ್ಕ ಕೆಲಸಕ್ಕೆ ಬಾರದು. ಅಲ್ಲಿ 1785ರ ಪದ್ಧತಿ: ಆಗ್ನೇಯ ಮೂಲೆಯಲ್ಲಿ 1, ಅಲ್ಲಿಂದ ಉತ್ತರಕ್ಕೆ 6, ಮತ್ತೆ ಪಕ್ಕದ ಸಾಲು ದಕ್ಷಿಣದ ತುದಿಯಿಂದ 7. ಆಗ 14 ಬೀಳುವುದು ಪೂರ್ವದಿಂದ ಮೂರನೆಯ ಸಾಲಿನಲ್ಲಿ, ದಕ್ಷಿಣದಿಂದ ಎರಡನೆಯದಾಗಿ. ಅದೇ ರಾಜ್ಯದ ವರ್ಜೀನಿಯಾ ಮಿಲಿಟರಿ ಡಿಸ್ಟ್ರಿಕ್ಟ್‌ನಲ್ಲಂತೂ ಚೌಕವೇ ಇಲ್ಲ. ಮರ, ಹಳ್ಳ, ಕಲ್ಲು ಹೆಸರಿಸಿ ಬರೆದ ಚಕ್ಕುಬಂದಿಯೇ ಆಧಾರ.

ಪ್ರಶ್ನೆ: ಮೈಲಿಗಟ್ಟಲೆ ನೇರವಾಗಿ ಬಂದ ರಸ್ತೆ ಕಾರಣವೇ ಇಲ್ಲದ ಜಾಗದಲ್ಲಿ ಪಕ್ಕಕ್ಕೆ ಸರಿದು ಮತ್ತೆ ನೇರವಾಗುತ್ತದೆ. ಏಕೆ?

ಉತ್ತರ: ಭೂಮಿ ಗುಂಡಗಿರುವುದರಿಂದ. ಉತ್ತರಕ್ಕೆ ಹೋದಂತೆ ಮಧ್ಯಾಹ್ನರೇಖೆಗಳು ಒಂದಕ್ಕೊಂದು ಹತ್ತಿರವಾಗುತ್ತವೆ. 42 ಡಿಗ್ರಿ ಅಕ್ಷಾಂಶದಲ್ಲಿ ಆರು ಮೈಲಿ ಅಗಲದ ಚೌಕದ ಮೇಲಂಚು ಕೆಳಗಿನ ಅಂಚಿಗಿಂತ ಸುಮಾರು 43 ಅಡಿ ಕಿರಿದು. ಈ ಕೊರತೆ ಬೆಳೆಯುತ್ತ ಹೋಗದಂತೆ ಸಾಮಾನ್ಯವಾಗಿ ಪ್ರತಿ 24 ಮೈಲಿಗೊಂದು ತಿದ್ದುರೇಖೆ ಎಳೆದು, ಅಲ್ಲಿ ಪೂರ್ತಿ ಆರು ಮೈಲಿಯನ್ನು ಹೊಸದಾಗಿ ಅಳೆದರು. ರಸ್ತೆಗಳು ಸೆಕ್ಷನ್ ಗಡಿಯ ಮೇಲೇ ಹೋಗುವುದರಿಂದ ಆ ರೇಖೆಯ ಬಳಿ ಮುರಿಯುತ್ತವೆ.

ಒಂದು ಟೌನ್‌ಶಿಪ್‌ನೊಳಗೆ ಉಳಿದ ಹೆಚ್ಚುಕಡಿಮೆಯನ್ನೆಲ್ಲ ಉತ್ತರ ಮತ್ತು ಪಶ್ಚಿಮದ ಅಂಚಿನ ಸೆಕ್ಷನ್‌ಗಳಿಗೆ ತಳ್ಳುವುದು ನಿಯಮ. ಆದ್ದರಿಂದ 1ರಿಂದ 6, ಮತ್ತೆ 7, 18, 19, 30, 31ನೆಯ ಸೆಕ್ಷನ್‌ಗಳಲ್ಲಿ ಸರಿಯಾಗಿ 640 ಎಕರೆ ಸಿಗದಿದ್ದರೆ ಪತ್ರ ತಪ್ಪೆಂದು ತಿಳಿಯಬೇಡಿ.

ಉಪಕರಣದ ದೋಷವೂ ಸೇರಿಕೊಳ್ಳುತ್ತಿತ್ತು. ಅಳೆಯುತ್ತಿದ್ದದ್ದು ಗಂಟರ್ ಸರಪಳಿಯಿಂದ: 66 ಅಡಿ, 100 ಕೊಂಡಿ, 80 ಸರಪಳಿಗೆ ಒಂದು ಮೈಲಿ, 10 ಚದರ ಸರಪಳಿಗೆ ಒಂದು ಎಕರೆ. ಕೊಂಡಿ ಸವೆದರೆ ಸರಪಳಿ ಉದ್ದವಾಗುತ್ತದೆ. ಆಗ ಪುಸ್ತಕದ ಮೈಲಿಗಿಂತ ನೆಲದ ಮೇಲಿನ ಮೈಲಿ ದೊಡ್ಡದು. ಇಳಿಜಾರಿನಲ್ಲಿ ಸರಪಳಿಯನ್ನು ಮಟ್ಟವಾಗಿ ಹಿಡಿಯದಿದ್ದರೆ ಇದರ ತಿರುಗುಮುರುಗು. ಕಬ್ಬಿಣದ ಅದಿರಿರುವ ಕಡೆ ದಿಕ್ಸೂಚಿಯ ಮುಳ್ಳೇ ದಾರಿ ತಪ್ಪಿಸುತ್ತಿತ್ತು. ವಿಲಿಯಂ ಆಸ್ಟಿನ್ ಬರ್ಟ್ 1836ರಲ್ಲಿ ಪೇಟೆಂಟ್ ಪಡೆದ ಸೌರ ದಿಕ್ಸೂಚಿ ಸೂರ್ಯನನ್ನು ನೋಡಿ ದಿಕ್ಕು ಹೇಳುತ್ತಿತ್ತು. 1844ರಲ್ಲಿ ಮಿಶಿಗನ್‌ನ ಇಂದಿನ ನೆಗಾನಿ ಬಳಿ ಮುಳ್ಳು ಹುಚ್ಚುಹುಚ್ಚಾಗಿ ತಿರುಗಿದಾಗ ಬರ್ಟ್ ತಂಡಕ್ಕೆ ಅಲ್ಲಿ ಕಬ್ಬಿಣದ ಅದಿರೇ ಸಿಕ್ಕಿತು.

ಪ್ರಶ್ನೆ: ಪ್ರತಿ ಟೌನ್‌ಶಿಪ್‌ನ 16ನೆಯ ಸೆಕ್ಷನ್ ಶಾಲೆಗೆ ಎನ್ನುತ್ತಾರೆ. ಶಾಲೆ ಅಲ್ಲೇ ಇರುತ್ತಿತ್ತೇ?

ಉತ್ತರ: ಇರಲೇಬೇಕೆಂದಿರಲಿಲ್ಲ. ಆ ನೆಲವನ್ನು ಗೇಣಿಗೆ ಕೊಟ್ಟು ಅಥವಾ ಮಾರಿ ಬಂದ ಹಣ ಶಾಲೆಗೆ. ಮುಂದೆ ಹಲವು ರಾಜ್ಯಗಳಲ್ಲಿ 36ನೆಯದೂ ಸೇರಿತು.

ಪ್ರಶ್ನೆ: ಆ ನೆಲ ಖಾಲಿ ಇತ್ತೇ? ಯಾರು ಬಂದು ನೆಲೆಸಿದರು?

ಉತ್ತರ: ಖಾಲಿ ಇರಲಿಲ್ಲ. ಟೌನ್‌ಶಿಪ್‌ನ ಇತಿಹಾಸ ಬರೆಯುವವರು ‘ಮೊದಲ ನಿವಾಸಿ’ ಎಂದು ಯಾವುದೋ ಯುರೋಪಿಯನ್ ಕುಟುಂಬದಿಂದ ಶುರುಮಾಡುವುದು ದೊಡ್ಡ ತಪ್ಪು. 1795ರ ಗ್ರೀನ್‌ವಿಲ್ ಒಪ್ಪಂದದಲ್ಲಿ ಮೂಲನಿವಾಸಿ ಬುಡಕಟ್ಟುಗಳು ಇಂದಿನ ಒಹಾಯೋದ ಬಹುಭಾಗವನ್ನು ಬಿಟ್ಟುಕೊಡಬೇಕಾಯಿತು. ಅಲ್ಲಿ ಕೊನೆಯವರೆಗೆ ಉಳಿದಿದ್ದ ವೈಯಂಡಾಟ್ ಜನ 1843ರಲ್ಲಿ ಅಪ್ಪರ್ ಸ್ಯಾಂಡಸ್ಕಿ ತೊರೆದರು. ಯಾವ ಟೌನ್‌ಶಿಪ್ ಆದರೂ ಮೊದಲು ಆ ನೆಲ ಯಾವ ಒಪ್ಪಂದದಲ್ಲಿ ಕೈಬದಲಾಯಿತು ಎಂದು ನೋಡಿ.

1785ರಲ್ಲಿ ಕನಿಷ್ಠ 640 ಎಕರೆ ಕೊಳ್ಳಬೇಕಿತ್ತು, ಎಕರೆಗೆ ಒಂದು ಡಾಲರ್. ಸಾಮಾನ್ಯ ರೈತನಿಗೆ ಅದು ಎಟುಕದ ಮಾತು. 1820ರಲ್ಲಿ 80 ಎಕರೆ, ಎಕರೆಗೆ 1.25 ಡಾಲರ್ ಆಯಿತು. 1832ರಲ್ಲಿ 40 ಎಕರೆಯೂ ಸಿಕ್ಕಿತು. 1862ರ ಹೋಮ್‌ಸ್ಟೆಡ್ ಕಾಯ್ದೆ ಐದು ವರ್ಷ ಅಲ್ಲೇ ಇದ್ದು ಉಳುಮೆ ಮಾಡಿದವರಿಗೆ ಅಲ್ಪ ಶುಲ್ಕಕ್ಕೆ 160 ಎಕರೆ ಕೊಟ್ಟಿತು. ವಿಧವೆಯರೂ ಅವಿವಾಹಿತ ಮಹಿಳೆಯರೂ ಅರ್ಜಿ ಹಾಕಬಹುದಿತ್ತು.

ಕಾನ್ಸಾಸ್‌ನ ಗ್ರಹಾಂ ಕೌಂಟಿಯ ನಿಕೊಡಿಮಸ್ ಅನ್ನು ವಿಶೇಷವಾಗಿ ನೆನೆಯಬೇಕು. 1877ರಲ್ಲಿ ಕೆಂಟಕಿಯಿಂದ ಬಂದ, ಗುಲಾಮಗಿರಿಯಿಂದ ಬಿಡುಗಡೆಯಾಗಿದ್ದ ಕಪ್ಪು ಜನ ಕಟ್ಟಿದ ಊರು ಅದು. ಮರ ವಿರಳವಾದ ಬಯಲಿನಲ್ಲಿ ಮೊದಲು ನೆಲವನ್ನು ತೋಡಿಯೇ ಮನೆ ಮಾಡಿಕೊಂಡರು. ಅಲ್ಲಿ ನೆಲೆಸಿದ್ದ ಎಡ್ವರ್ಡ್ ಮೆಕೇಬ್ 1882ರಲ್ಲಿ ರಾಜ್ಯದ ಲೆಕ್ಕಪರಿಶೋಧಕರಾಗಿ ಚುನಾಯಿತರಾದರು. 1888ರಲ್ಲಿ ರೈಲು ಊರನ್ನು ಬಿಟ್ಟು ಬೇರೆಡೆ ಹೋಯಿತು, ವ್ಯಾಪಾರಿಗಳು ಅದರ ಹಿಂದೆಯೇ ಹೋದರು. 1939ರಲ್ಲಿ ಸುಣ್ಣಕಲ್ಲಿನಿಂದ ಕಟ್ಟಿದ ಟೌನ್‌ಶಿಪ್ ಹಾಲ್ ಇಂದಿಗೂ ನಿಂತಿದೆ. ಪ್ರತಿ ಜುಲೈ ಕೊನೆಗೆ ದೂರದ ಊರುಗಳಿಂದ ವಂಶಸ್ಥರು ಅಲ್ಲಿಗೆ ಮರಳಿ ಸೇರುತ್ತಾರೆ.

ಪ್ರಶ್ನೆ: ಒಂದು ಹೊಲದಲ್ಲಿ ಯಾರು ಬಾಳಿದ್ದರು ಎಂದು ತಿಳಿಯಲು ಎಲ್ಲಿಂದ ಶುರುಮಾಡಬೇಕು?

ಉತ್ತರ: ಫೆಡರಲ್ ಭೂ ನಿರ್ವಹಣಾ ಇಲಾಖೆಯ ಜಾಲತಾಣದಲ್ಲಿ ಮೂಲ ಹಕ್ಕುಪತ್ರಗಳ ಚಿತ್ರಗಳು ಉಚಿತವಾಗಿ ಸಿಗುತ್ತವೆ, ಮೇಲೆ ಹೇಳಿದ ಟೌನ್‌ಶಿಪ್, ರೇಂಜ್, ಸೆಕ್ಷನ್ ಹಾಕಿ ಹುಡುಕಿ. ಅಲ್ಲಿ ಸಿಕ್ಕ ಹೆಸರಿನವರು ಅಲ್ಲಿ ಬಾಳಿದರೆಂದೇ ನಂಬಬೇಡಿ. ಸೈನಿಕರಿಗೆ ಕೊಟ್ಟ ಭೂಚೀಟಿಗಳನ್ನು ಬಹಳ ಮಂದಿ ನೆಲ ನೋಡದೆಯೇ ಮಾರಿಬಿಟ್ಟಿದ್ದರು. ನಂತರದ ಕ್ರಯಪತ್ರಗಳಿಗೆ ಕೌಂಟಿ ಕಚೇರಿ. ಹೋಮ್‌ಸ್ಟೆಡ್ ಆಗಿದ್ದರೆ ರಾಷ್ಟ್ರೀಯ ಪತ್ರಾಗಾರದ ಕಡತ ತರಿಸಲೇಬೇಕು. ಮನೆ ಎಷ್ಟು ದೊಡ್ಡದು, ಎಷ್ಟು ಎಕರೆ ಉತ್ತಿದ್ದರು ಎಂದು ನೆರೆಯವರು ನುಡಿದ ಸಾಕ್ಷ್ಯ ಅದರಲ್ಲಿರುತ್ತದೆ.

ಆಮೇಲೆ ಜನಗಣತಿ. ಗುಲಾಮರಲ್ಲದ ಪ್ರತಿಯೊಬ್ಬರ ಹೆಸರು ಬರೆದದ್ದು 1850ರಿಂದ; ಅದಕ್ಕೂ ಹಿಂದೆ ಮನೆಯ ಯಜಮಾನರದು ಮಾತ್ರ. 1890ರ ಪಟ್ಟಿ 1921ರ ಬೆಂಕಿಯಲ್ಲಿ ಹಾಳಾಗಿ ಬಹುತೇಕ ಕೈತಪ್ಪಿತು. 1880ರಿಂದ 1900ರವರೆಗಿನ ಆ ಇಪ್ಪತ್ತು ವರ್ಷಗಳ ಕಂದಕವನ್ನು ತೆರಿಗೆ ಪುಸ್ತಕ, ಸ್ಮಶಾನದ ಕಲ್ಲು, ಕೌಂಟಿಯ ಭೂನಕ್ಷೆ ಪುಸ್ತಕಗಳಿಂದ ತುಂಬಿಕೊಳ್ಳಬೇಕು. ಕುಟುಂಬ ಒಂದು ಟೌನ್‌ಶಿಪ್‌ನಿಂದ ಇನ್ನೊಂದಕ್ಕೆ ಹೋದಂತೆ ಕಂಡರೆ, ಮೊದಲು ಗಡಿ ಬದಲಾಯಿತೇ ನೋಡಿ. ಜನ ಹೆಚ್ಚಿದಂತೆ ದೊಡ್ಡ ಟೌನ್‌ಶಿಪ್ ಒಡೆದು ಎರಡು ಮೂರಾಗಿ, ಕುಟುಂಬ ಕದಲದೆಯೇ ಅದರ ವಿಳಾಸ ಬದಲಾಗುತ್ತಿತ್ತು.