ಅಲಮೇಲುವನ್ನು ಯಾರಾದರೂ ಕೇಳಿದರಾ?

ಓದುಗರ ಪತ್ರ

ಸಂಪಾದಕರಿಗೆ ನಮಸ್ಕಾರ. ನನ್ನ ಮಗಳು ಬಿ.ಕಾಂ. ಎರಡನೇ ವರ್ಷದಲ್ಲಿದ್ದಾಳೆ. ನಮ್ಮಕ್ಕನ ಮಗಳು ಅವಳಿಗಿಂತ ಒಂದು ವರ್ಷ ದೊಡ್ಡವಳು. ಇಬ್ಬರೂ ಒಂದೇ ತಟ್ಟೆಯಲ್ಲಿ ಉಂಡು ಬೆಳೆದವರು. ಹೋದ ತಿಂಗಳು ಅಕ್ಕನ ಮನೆಯ ಗೃಹಪ್ರವೇಶದ ದಿನ 'ಸಪ್ತ ಸಾಗರದಾಚೆ ಎಲ್ಲೋ' ಸಿನಿಮಾದ ಮನುಗೆ ಪ್ರಿಯಾ ಸರಿಯೋ ಸುರಭಿ ಸರಿಯೋ ಅಂತ ಮಾತು ಶುರುವಾಯಿತು. ಕೊನೆಗೆ ಇಬ್ಬರೂ ಅತ್ತುಕೊಂಡು ಎದ್ದುಹೋದರು. ಮೂರು ವಾರವಾಯಿತು, ಒಂದು ಫೋನೂ ಇಲ್ಲ. 'ಇಲ್ಲದ ಜನರಿಗೋಸ್ಕರ ಇರುವ ಸಂಬಂಧ ಯಾಕೆ ಕೆಡಿಸಿಕೊಳ್ತೀರಿ' ಅಂತ ಬೈದೆ. 'ನಿಂಗೆ ಅರ್ಥ ಆಗಲ್ಲಮ್ಮ, ನಾನು ಅವರಿಬ್ಬರನ್ನ ಶಿಪ್ ಮಾಡ್ತೀನಿ' ಅಂದಳು. ಇದೆಂಥ ಹುಚ್ಚು? ಇವರಲ್ಲಿ ಯಾರು ಸರಿ? ಪತ್ರಿಕೆಯವರು ಸಿನಿಮಾಕ್ಕೆ ಇಷ್ಟೊಂದು ಪುಟ ಕೊಟ್ಟೇ ಮಕ್ಕಳು ಹೀಗಾಗಿದ್ದಾರೆ ಅಂತ ನನಗನಿಸುತ್ತದೆ.

– ಒಬ್ಬ ತಾಯಿ, ಹಾಸನ

ಸಂಪಾದಕರ ಉತ್ತರ

ಪ್ರೀತಿಯ ಓದುಗರೇ, ನಮಸ್ಕಾರ.

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮೊದಲ ಸಲ ಓದಿದಾಗ ಆ ಇಬ್ಬರು ಹುಡುಗಿಯರನ್ನು ನೆನೆದು ಸಂಕಟವಾಯಿತು. ಎರಡನೇ ಸಲ ಓದುವಾಗ ನನ್ನ ಅಮ್ಮ, ಚಿಕ್ಕಮ್ಮ ಕಣ್ಣಮುಂದೆ ಬಂದರು. ಹಾಗಾಗಿ ನಾಲ್ಕು ಸಾಲಿನ ಉತ್ತರ ಸಾಕಾಗುವುದಿಲ್ಲ ಅನಿಸಿತು.

ಮೊದಲು ಆ 'ಶಿಪ್' ಎಂಬ ಮಾತು. ಅದಕ್ಕೂ ಹಡಗಿಗೂ ಸಂಬಂಧವಿಲ್ಲ. 'ರಿಲೇಶನ್‌ಶಿಪ್' ಪದದ ಬಾಲ ಅದು. 1990ರ ದಶಕದಲ್ಲಿ ಅಮೆರಿಕದ ಟಿ.ವಿ.ಯಲ್ಲಿ 'ಎಕ್ಸ್-ಫೈಲ್ಸ್' ಎಂಬ ಧಾರಾವಾಹಿ ಬರುತ್ತಿತ್ತು. ಅದರ ಇಬ್ಬರು ಪತ್ತೇದಾರರಾದ ಮಲ್ಡರ್ ಮತ್ತು ಸ್ಕಲಿ ಒಂದಾಗಬೇಕು ಎಂದು ಆಸೆಪಟ್ಟವರು ತಮ್ಮನ್ನು 'ರಿಲೇಶನ್‌ಶಿಪ್ಪರ್' ಎಂದು ಕರೆದುಕೊಂಡರು. ಬರಬರುತ್ತಾ ಅದು 'ಶಿಪ್ಪರ್' ಆಯಿತು. ಈಗ ನಿಮ್ಮ ಮಗಳ ಬಾಯಲ್ಲಿ 'ಶಿಪ್ ಮಾಡ್ತೀನಿ' ಆಗಿದೆ. ಇವರಿಬ್ಬರು ಜೋಡಿಯಾದರೆ ಚೆನ್ನ ಅಂತ ನಾನು ಮನಸಾರೆ ಬಯಸುತ್ತೇನೆ, ಅಷ್ಟೇ ಅರ್ಥ.

ಪದ ಹೊಸದು. ಜಗಳ ತುಂಬಾ ಹಳೆಯದು.

1972ರಲ್ಲಿ 'ನಾಗರಹಾವು' ಬಂದಾಗ ನನಗೆ ಹತ್ತು ವರ್ಷ. ನಮ್ಮೂರಿನ ಟೆಂಟಿಗೆ ಆ ಸಿನಿಮಾ ಬರುವ ಹೊತ್ತಿಗೆ ಇನ್ನೊಂದಷ್ಟು ತಿಂಗಳು ಕಳೆದಿತ್ತು. ಅಮ್ಮ, ಚಿಕ್ಕಮ್ಮ, ನಾನು ಹೋಗಿ ನೋಡಿ ಬಂದೆವು. ಮಾರನೇ ದಿನದಿಂದ ಮನೆಯಲ್ಲಿ ಒಂದೇ ಮಾತು. ರಾಮಾಚಾರಿಗೆ ಅಲಮೇಲು ಸರಿಯೋ, ಮಾರ್ಗರೆಟ್ ಸರಿಯೋ? ಅಮ್ಮ ಅಲಮೇಲು ಕಡೆ. 'ಎಂಥಾ ಸೌಮ್ಯದ ಹುಡುಗಿ, ಅವಳೊಬ್ಬಳೇ ಅವನ ಕೋಪವನ್ನ ತಣ್ಣಗೆ ಮಾಡ್ತಿದ್ದಳು' ಅನ್ನೋರು. ಚಿಕ್ಕಮ್ಮ ಮಾರ್ಗರೆಟ್ ಕಡೆ. 'ತನಗೆ ಏನು ಬೇಕು ಅಂತ ಬಾಯಿಬಿಟ್ಟು ಹೇಳಿದೋಳು ಅವಳೊಬ್ಬಳೇ' ಅನ್ನೋರು. ತೊಂಡೆಕಾಯಿ ಹೆಚ್ಚುವಾಗಲೂ ಇದೇ, ಹಿತ್ತಲಲ್ಲಿ ಬಟ್ಟೆ ಒಗೆಯುವಾಗಲೂ ಇದೇ.

ನಿಮ್ಮ ಮಗಳು ಆ ಸಿನಿಮಾ ನೋಡಿರಲಿಕ್ಕಿಲ್ಲ, ಅದಕ್ಕೆ ಕಥೆ ಹೇಳುತ್ತೇನೆ. ಅಲಮೇಲು ಮತ್ತು ರಾಮಾಚಾರಿ ಒಬ್ಬರನ್ನೊಬ್ಬರು ಮೆಚ್ಚುತ್ತಾರೆ. ಜಾತಿ ಅಡ್ಡ ಬರುತ್ತದೆ. ರಾಮಾಚಾರಿ ದೇವರಂತೆ ನಂಬಿದ ಚಾಮಯ್ಯ ಮೇಷ್ಟ್ರು ಅವನನ್ನು ಕೂರಿಸಿಕೊಂಡು, ಆ ಹುಡುಗಿಯನ್ನು ಬಿಟ್ಟುಬಿಡು ಎಂದು ಒಪ್ಪಿಸುತ್ತಾರೆ. ಅವನು ಬಿಡುತ್ತಾನೆ. ಅಲಮೇಲುಗೆ ಬೇರೆ ಮದುವೆಯಾಗುತ್ತದೆ. ಕಟ್ಟಿಕೊಂಡವನೇ ಅವಳನ್ನು ಹಾಳು ದಾರಿಗೆ ತಳ್ಳುತ್ತಾನೆ. ಮುಂದೆ ಮಾರ್ಗರೆಟ್ ವಿಷಯಕ್ಕೂ ಮೇಷ್ಟ್ರು ಬೇಡ ಎನ್ನುತ್ತಾರೆ. ಅದು ಎಲ್ಲಿಗೆ ಹೋಗಿ ಮುಟ್ಟುತ್ತದೆ ಎನ್ನುವುದು ಚಿತ್ರದುರ್ಗದ ಆ ಬಂಡೆಗಳನ್ನು ನೋಡಿದವರಿಗೆಲ್ಲ ಗೊತ್ತು.

ಒಂದು ಸಂಜೆ ಇದೇ ವಾದ ಜೋರಾಗಿ ನಡೆದಿತ್ತು. ಚಿಕ್ಕಮ್ಮ ಕೈಯಲ್ಲಿದ್ದ ಈಳಿಗೆಮಣೆಯನ್ನು ಪಕ್ಕಕ್ಕಿಟ್ಟು ಕೇಳಿದರು: 'ಮೇಷ್ಟ್ರು ರಾಮಾಚಾರೀನ ಕೇಳಿದ್ರು. ರಾಮಾಚಾರಿ ಒಪ್ಕೊಂಡ. ಅಲಮೇಲುನ ಯಾರಾದ್ರೂ ಕೇಳಿದ್ರಾ ಅಕ್ಕ?'

ಅಮ್ಮ ಮಾತಾಡಲಿಲ್ಲ. ಆ ಸಂಜೆಯ ಮೇಲೆ ಆ ವಾದ ನಮ್ಮನೆಯಲ್ಲಿ ಮತ್ತೆ ಏಳಲಿಲ್ಲ. ಯಾಕೆ ಅಂತ ನನಗೆ ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ಚಿಕ್ಕಮ್ಮನ ಮದುವೆಯನ್ನು ನಮ್ಮ ತಾತ ಮತ್ತು ಗಂಡಿನ ಕಡೆಯ ಹಿರಿಯರು ಜಗಲಿಯಲ್ಲಿ ಕಾಫಿ ಕುಡಿಯುತ್ತಾ ಮುಗಿಸಿದ್ದರು. ಆ ಕಾಫಿ ಮಾಡಿಕೊಟ್ಟವರು ಚಿಕ್ಕಮ್ಮ. ವಿಷಯ ಅವರಿಗೆ ಮಾರನೇ ದಿನ ತಿಳಿಯಿತು. ಅವರ ಮನಸ್ಸಿನಲ್ಲಿ ಬೇರೆಯವರು ಇದ್ದರೋ ಇಲ್ಲವೋ, ನಾನು ಕೇಳಲಿಲ್ಲ. ಕೇಳಬೇಕಿತ್ತು.

ಅದಕ್ಕೇ ನಿಮ್ಮ 'ಇಲ್ಲದ ಜನ' ಎಂಬ ಮಾತು ನನ್ನನ್ನು ತಡೆದು ನಿಲ್ಲಿಸಿತು. ಅಲಮೇಲು ಇಲ್ಲದವಳು ನಿಜ. ಅವಳ ಹೆಸರು ಹಿಡಿದು ಚಿಕ್ಕಮ್ಮ ಕೇಳಿದ ಪ್ರಶ್ನೆ ಇರುವವರದ್ದು. ತಮ್ಮ ಮದುವೆಯ ಬಗ್ಗೆ ಒಂದು ಮಾತೂ ಆಡದ ಹೆಂಗಸು ಸಿನಿಮಾದ ಹುಡುಗಿಯ ಮದುವೆಯ ಬಗ್ಗೆ ಗಂಟೆಗಟ್ಟಲೆ ವಾದ ಮಾಡಿದರು. ಆ ವಾದವನ್ನು ಹುಚ್ಚು ಅಂತ ನಾನು ಹೇಗೆ ಅನ್ನಲಿ?

ಆಗ ವಾರಪತ್ರಿಕೆಗಳಲ್ಲಿ ಧಾರಾವಾಹಿಯಾಗಿ ಬಂದ ಕಾದಂಬರಿಗಳೇ ಎಷ್ಟೋ ಸಲ ಸಿನಿಮಾ ಆಗುತ್ತಿದ್ದವು. ಓದಿದವರಿಗೆ ಪಾತ್ರಗಳು ಮನೆಯವರ ಹಾಗೆ ಗೊತ್ತಿರುತ್ತಿದ್ದವು. ವಾಣಿಯವರ ಕಾದಂಬರಿಯಿಂದ 1974ರಲ್ಲಿ ಬಂದ 'ಎರಡು ಕನಸು' ನೋಡಿ ಬಂದವರಲ್ಲೂ ಎರಡು ಗುಂಪು. ರಾಜ್‌ಕುಮಾರ್ ಪಾತ್ರಕ್ಕೆ ಮಂಜುಳಾ ಸರಿ ಎನ್ನುವವರು, ಕಲ್ಪನಾ ಸರಿ ಎನ್ನುವವರು. 'ನಾಗರಹಾವು' ಕೂಡ ತ.ರಾ.ಸು. ಅವರ ಮೂರು ಕಾದಂಬರಿಗಳಿಂದ ಬಂದದ್ದು. ಪುಟ್ಟಣ್ಣ ಕಣಗಾಲ್ ಅದನ್ನು ತೆರೆಗೆ ತಂದ ರೀತಿ ತ.ರಾ.ಸು. ಅವರಿಗೆ ಒಪ್ಪಿಗೆಯಾಗಲಿಲ್ಲ. ಬರೆದವರಿಗೂ ತೆಗೆದವರಿಗೂ ಒಮ್ಮತ ಇಲ್ಲದ ಮೇಲೆ ನೋಡಿದವರು ವಾದ ಮಾಡಿದರೆ ತಪ್ಪೇನು?

ಇನ್ನು ನಿಮ್ಮ ಎರಡನೇ ಪ್ರಶ್ನೆ. ಇಬ್ಬರಲ್ಲಿ ಯಾರು ಸರಿ?

ನಮ್ಮ ಪತ್ರಿಕೆಗೆ ಬರುವ ಇಂಥ ಪತ್ರಗಳಲ್ಲಿ ಒಂದು ಮಾತು ತಪ್ಪದೆ ಇರುತ್ತದೆ. 'ಅವನಂಥ ಒಳ್ಳೆಯವನಿಗೆ ಅವಳು ಸಿಗಬೇಕಿತ್ತು.' ಈ 'ಸಿಗಬೇಕಿತ್ತು' ನನಗೆ ಯಾವತ್ತೂ ಗಂಟಲಿಗೆ ಸಿಕ್ಕಿಕೊಳ್ಳುತ್ತದೆ. ಸಿಗುವುದಕ್ಕೆ ಅವಳೇನು ಬಹುಮಾನವಾ?

1984ರ 'ಬಂಧನ' ತೆಗೆದುಕೊಳ್ಳಿ. ಉಷಾ ನವರತ್ನರಾಮ್ ಅವರ ಕಾದಂಬರಿ, ರಾಜೇಂದ್ರ ಸಿಂಗ್ ಬಾಬು ಅವರ ನಿರ್ದೇಶನ. ವಿಷ್ಣುವರ್ಧನ್ ಅವರ ಡಾಕ್ಟರ್ ಹರೀಶ್ ಮನಸ್ಸಿನಲ್ಲೇ ನಂದಿನಿಯನ್ನು ಪ್ರೀತಿಸುತ್ತಾನೆ. ಸುಹಾಸಿನಿ ಅವರ ನಂದಿನಿಗೆ ಅವನು ಆತ್ಮೀಯ ಗೆಳೆಯ, ಅಷ್ಟೇ. ಅವಳ ಮನಸ್ಸು ಬಾಲು ಕಡೆಗೆ. ಮದುವೆಯಾದ ಮೇಲೆ ಬಾಲು ಅನುಮಾನದ ಪಿಶಾಚಿಯಾಗುತ್ತಾನೆ. ಈ ಸಿನಿಮಾ ನೋಡಿ ಅತ್ತವರನ್ನು ಕೇಳಿ. 'ಹರೀಶ್‌ನಂಥವನನ್ನ ಬಿಟ್ಟು ಆ ಬಾಲೂನ ಕಟ್ಕೊಂಡಳಲ್ಲ' ಅಂತ ನಂದಿನಿಯನ್ನೇ ಬೈಯುತ್ತಾರೆ. ಅವಳು ಮಾಡಿದ ತಪ್ಪೇನು? ತನಗೆ ಇಷ್ಟವಾದವನನ್ನು ಇಷ್ಟಪಟ್ಟಳು. ಹರೀಶ್ ಹೇಳಿಕೊಳ್ಳದ ಪ್ರೀತಿಗೆ ಅವಳು ಹೊಣೆ ಹೇಗಾಗುತ್ತಾಳೆ? ಕೈ ಎತ್ತಿದವನು ಬಾಲು, ಬೈಸಿಕೊಂಡವಳು ನಂದಿನಿ. ಇಷ್ಟಾಗಿಯೂ 'ನೂರೊಂದು ನೆನಪು' ಕೇಳಿದಾಗ ನನ್ನ ಎದೆಯೂ ಹರೀಶ್‌ಗಾಗಿ ಭಾರವಾಗುತ್ತದೆ. ಅವನ ದುಃಖ ದೊಡ್ಡದು. ಹಾಗಂತ ನಂದಿನಿ ಅವನಿಗೆ ಸಾಲಗಾರಳಲ್ಲ.

ಇಪ್ಪತ್ತೆರಡು ವರ್ಷದ ಮೇಲೆ ಇನ್ನೊಬ್ಬ ನಂದಿನಿ ಬಂದಳು. 'ಮುಂಗಾರು ಮಳೆ', 2006ರ ಡಿಸೆಂಬರ್ 29. ಆ ಸಿನಿಮಾ ಬಂದಾಗ ನಮ್ಮ ಕಚೇರಿಗೆ ಬಂದ ಪತ್ರಗಳಲ್ಲಿ ಕಾಲೇಜು ಹುಡುಗರ ಸಂಕಟವೇ ಸಂಕಟ. ಪ್ರೀತಮ್ ಯಾಕೆ ಬಿಟ್ಟುಕೊಟ್ಟ? ನಂದಿನಿಗೆ ಅವನ ಮೇಲೆ ಮನಸ್ಸಾಗಿದೆ. ಅವಳ ಮದುವೆ ಗೌತಮ್ ಜೊತೆ ನಿಶ್ಚಯವಾಗಿದೆ. ಅವಳ ತಂದೆ, ಅನಂತ್ ನಾಗ್ ಮಾಡಿದ ಆ ಕರ್ನಲ್, ತಾನು ಹೃದಯದ ರೋಗಿ, ಮಗಳ ಮದುವೆ ನೋಡುವುದೇ ಕೊನೆ ಆಸೆ ಅಂತ ಪ್ರೀತಮ್ ಹತ್ತಿರ ಮನಸ್ಸು ಬಿಚ್ಚುತ್ತಾನೆ. ಪ್ರೀತಮ್ ದೂರವಾಗುತ್ತಾನೆ.

ಈಗ ಚಾಮಯ್ಯ ಮೇಷ್ಟ್ರನ್ನು ನೆನಪಿಸಿಕೊಳ್ಳಿ. ನಡುವೆ ಮೂವತ್ತನಾಲ್ಕು ವರ್ಷ ಕಳೆದಿದೆ. ಒಬ್ಬ ಹಿರಿಯ, ಒಬ್ಬ ಹುಡುಗ, ಇಬ್ಬರ ನಡುವೆ ಒಂದು ಮಾತು. ಹುಡುಗ ತ್ಯಾಗ ಮಾಡುತ್ತಾನೆ, ನಾವು ಕಣ್ಣೀರು ಹಾಕುತ್ತೇವೆ. ಹುಡುಗಿ ಇನ್ನೆಲ್ಲೋ ಇರುತ್ತಾಳೆ. ಪ್ರೀತಮ್ ತನ್ನದನ್ನು ಬಿಟ್ಟುಕೊಟ್ಟ ಅನ್ನುತ್ತೇವೆ. ಅವನು ನಂದಿನಿಯದ್ದನ್ನೂ ಬಿಟ್ಟುಕೊಟ್ಟ, ಅವಳನ್ನು ಕೇಳದೆ. ನನಗೆ 'ಮುಂಗಾರು ಮಳೆ' ತುಂಬಾ ಇಷ್ಟ. ಆ ಮೊಲ ಸಾಯುವಾಗ ಇವತ್ತಿಗೂ ಕಣ್ಣು ತುಂಬುತ್ತದೆ. ಇಷ್ಟ ಇರುವುದಕ್ಕೇ ಈ ಪ್ರಶ್ನೆ ಕೇಳುತ್ತಿದ್ದೇನೆ.

ಪಕ್ಕದ ಕೇರಳದಲ್ಲಿ ಇದು ಇನ್ನೂ ಮುಂದೆ ಹೋಯಿತು. 1998ರಲ್ಲಿ ಫಾಜಿಲ್ 'ಹರಿಕೃಷ್ಣನ್ಸ್' ಎಂಬ ಸಿನಿಮಾ ಮಾಡಿದರು. ಮಮ್ಮೂಟಿ ಮತ್ತು ಮೋಹನ್‌ಲಾಲ್ ಇಬ್ಬರೂ ನಾಯಕರು, ಜೂಹಿ ಚಾವ್ಲಾ ನಾಯಕಿ. ಅವಳು ಯಾರಿಗೆ ಒಲಿಯಬೇಕು? ಯಾರಿಗೆ ಒಲಿದರೂ ಇನ್ನೊಬ್ಬರ ಅಭಿಮಾನಿಗಳು ಸುಮ್ಮನಿರುವುದಿಲ್ಲ. ಎರಡು ಕ್ಲೈಮ್ಯಾಕ್ಸ್ ಚಿತ್ರೀಕರಿಸಿದರು. ಕೆಲವು ಥಿಯೇಟರ್‌ಗಳಲ್ಲಿ ಅವಳು ಒಬ್ಬನಿಗೆ, ಇನ್ನು ಕೆಲವು ಕಡೆ ಇನ್ನೊಬ್ಬನಿಗೆ. ಆ ಹುಡುಗಿಯ ಮನಸ್ಸು ಊರು ಬದಲಾದ ಹಾಗೆ ಬದಲಾಯಿತು.

ಈಗ ನಿಮ್ಮ ಮನೆಯ ಜಗಳಕ್ಕೆ ಬರುತ್ತೇನೆ. ಹೇಮಂತ್ ರಾವ್ ಅವರ 'ಸಪ್ತ ಸಾಗರದಾಚೆ ಎಲ್ಲೋ' ಎರಡು ಭಾಗದಲ್ಲಿ ಬಂತು. ಸೈಡ್ ಎ 2023ರ ಸೆಪ್ಟೆಂಬರ್ 1ಕ್ಕೆ, ಸೈಡ್ ಬಿ ನವೆಂಬರ್ 17ಕ್ಕೆ. ನಡುವೆ ಸರಿಯಾಗಿ ಹನ್ನೊಂದು ವಾರ. ಆ ಹನ್ನೊಂದು ವಾರವೂ ನೋಡಿದವರು ಮನು-ಪ್ರಿಯಾರನ್ನು ಎದೆಯಲ್ಲಿಟ್ಟುಕೊಂಡು ಕಾದರು. ಅಷ್ಟು ಕಾದ ಮೇಲೆ ಸುರಭಿ ಬಂದಳು. ಮನಸ್ಸು ಎರಡಾಗದೆ ಇನ್ನೇನಾಗುತ್ತದೆ?

ನೀವು ಸಿನಿಮಾ ನೋಡಿದ್ದೀರೋ ಇಲ್ಲವೋ ಪತ್ರದಲ್ಲಿ ಬರೆದಿಲ್ಲ. ಮನು ಒಬ್ಬ ಶ್ರೀಮಂತರ ಮನೆಯ ಡ್ರೈವರ್. ಪ್ರಿಯಾಗೆ ಹಾಡು, ಸಮುದ್ರ, ಅವನ ಜೊತೆ ಒಂದು ಪುಟ್ಟ ಮನೆ, ಇಷ್ಟೇ ಕನಸು. ಯಜಮಾನರ ಮನೆಯವರು ಮಾಡಿದ ಅಪಘಾತದ ತಪ್ಪನ್ನು ದುಡ್ಡಿಗಾಗಿ ಮನು ತನ್ನ ತಲೆಗೆ ಹಾಕಿಕೊಳ್ಳುತ್ತಾನೆ. ಬೇಗ ಬಿಡಿಸುತ್ತೇವೆ ಎಂಬ ಮಾತು ನಂಬಿ ಜೈಲು ಸೇರುತ್ತಾನೆ. ಬಿಡಿಸುವುದಿಲ್ಲ. ವರ್ಷಗಳ ನಂತರ ಅವನು ಹೊರಬರುವಾಗ ಪ್ರಿಯಾಗೆ ಮದುವೆಯಾಗಿದೆ. ಅವನ ಬದುಕಿಗೆ ಸುರಭಿ ಬರುತ್ತಾಳೆ. ಮೈ ಮಾರಿ ಬದುಕುವ ಹೆಣ್ಣು, ಮನುವನ್ನು ನಿಜವಾಗಿ ಹಚ್ಚಿಕೊಂಡವಳು. ಮನು ಮಾತ್ರ ಪ್ರಿಯಾ ಇರುವ ಕಡೆಗೇ ನಡೆಯುತ್ತಾನೆ.

ಇಲ್ಲೂ ಅದೇ ಜಗಲಿ, ಅದೇ ಕಾಫಿ. ಒಪ್ಪಂದ ಆದದ್ದು ಮನು ಮತ್ತು ಯಜಮಾನರ ಕಡೆಯವರ ನಡುವೆ. ಇಬ್ಬರ ಬದುಕನ್ನು ಒತ್ತೆ ಇಟ್ಟವನು ಒಬ್ಬ. ಆದರೆ ಈ ಸಿನಿಮಾ ಒಂದು ವಿಷಯದಲ್ಲಿ ಬೇರೆ. ಪ್ರಿಯಾ ಸುಮ್ಮನೆ ಕೂರುವುದಿಲ್ಲ. ಅವನನ್ನು ಬಿಡಿಸಲು ಅಲೆಯುತ್ತಾಳೆ, ಅವನ ಮೇಲೆ ಸಿಟ್ಟಾಗುತ್ತಾಳೆ. ಅವಳು ಏನು ಕಳೆದುಕೊಂಡಳು ಅನ್ನುವುದನ್ನು ನಾವು ಅವಳ ಮುಖದಲ್ಲೇ ನೋಡುತ್ತೇವೆ. ರುಕ್ಮಿಣಿ ವಸಂತ್ ಅದನ್ನು ಎಷ್ಟು ಚೆನ್ನಾಗಿ ಮಾಡಿದ್ದಾರೆ! ಚೈತ್ರಾ ಆಚಾರ್ ಅವರ ಸುರಭಿಯೂ ಅಷ್ಟೇ. ಅವಳು ಯಾರ ಜಾಗಕ್ಕೂ ಬಂದವಳಾಗಿ ನನಗೆ ಕಾಣಲಿಲ್ಲ. ತನ್ನದೇ ಜಾಗ ಕೇಳಿದವಳಾಗಿ ಕಂಡಳು.

ಹಾಗಾಗಿ 'ಮನುಗೆ ಯಾರು ಸರಿ' ಅಂತ ಕೇಳಿದರೆ ನನ್ನ ಹತ್ತಿರ ಉತ್ತರವಿಲ್ಲ. ಪ್ರಿಯಾಗೆ ಏನು ಬೇಕಿತ್ತು? ಸುರಭಿಗೆ ಏನು ಬೇಕಿತ್ತು? ಹೀಗೆ ಕೇಳಿದರೆ ರಾತ್ರಿಯೆಲ್ಲ ಮಾತಾಡಬಹುದು. ನನ್ನ ಮನಸ್ಸು ಯಾವ ಕಡೆ ಅಂತ ಮುಚ್ಚಿಡುವುದಿಲ್ಲ. ನಾನು ಸುರಭಿ ಕಡೆ. ಅಂದರೆ ಅವಳಿಗೆ ಮನು ಸಿಗಬೇಕಿತ್ತು ಅಂತಲ್ಲ. ಇನ್ನೊಬ್ಬಳ ನೆನಪಿನಲ್ಲೇ ಮುಳುಗಿದವನಿಗಾಗಿ ಅವಳು ಕಾಯಬಾರದಿತ್ತು ಅಂತ.

ಒಂದು ವಿಷಯದಲ್ಲಿ ಮಾತ್ರ ನಾನು ಮಕ್ಕಳಿಗೆ ಖಡಾಖಂಡಿತವಾಗಿ ಹೇಳುತ್ತೇನೆ. ಜಗಳ ಪಾತ್ರದ ಜೊತೆ ಇರಲಿ, ಅದನ್ನು ಮಾಡಿದ ನಟಿಯ ಮೇಲೆ ಬೇಡ. 2017ರ 'ಸ್ಟಾರ್ ವಾರ್ಸ್' ಸಿನಿಮಾದಲ್ಲಿ ರೋಸ್ ಎಂಬ ಪಾತ್ರ ಮಾಡಿದ ಕೆಲಿ ಮೇರಿ ಟ್ರಾನ್ ಮೇಲೆ ಎಂಥ ಬೈಗುಳ ಸುರಿಯಿತು ಅಂದರೆ, ಮರುವರ್ಷ ಅವರು ಇನ್‌ಸ್ಟಾಗ್ರಾಂನಲ್ಲಿ ಹಾಕಿದ್ದನ್ನೆಲ್ಲ ಅಳಿಸಿಬಿಟ್ಟರು. ಅವರ ಹುಟ್ಟು, ರೂಪವನ್ನೂ ಬಿಡದೆ ಆಡಿಕೊಂಡಿದ್ದರು. ನಮ್ಮ ನಟಿಯರ ಫೋಟೋಗಳ ಕೆಳಗೂ ಅಂಥ ಮಾತು ನೋಡಿದ್ದೇನೆ. ನಿಮ್ಮ ಹುಡುಗಿಯರು ಹಾಗೆ ಮಾಡಿಲ್ಲ. ಎದುರಾಬದುರಾ ಕೂತು ವಾದ ಮಾಡಿ ಅತ್ತಿದ್ದಾರೆ. ಅದು ಎಷ್ಟೋ ಮೇಲು.

ಸಿನಿಮಾ ಪುಟಗಳ ಬಗ್ಗೆ ನೀವು ಬರೆದದ್ದನ್ನು ಗಂಭೀರವಾಗಿಯೇ ತೆಗೆದುಕೊಂಡಿದ್ದೇನೆ. ಪುಟ ಕಡಿಮೆ ಮಾಡುವುದಿಲ್ಲ. ಯಾವ ನಟನ ಸಿನಿಮಾ ಎಷ್ಟು ಕೋಟಿ ಗಳಿಸಿತು ಎನ್ನುವುದಕ್ಕಿಂತ ಇಂಥ ಮಾತಿಗೆ ಜಾಸ್ತಿ ಜಾಗ ಕೊಡುತ್ತೇವೆ.

ಮಗಳನ್ನು ಇನ್ನು ಬೈಯಬೇಡಿ. ನಿಮಗಾದರೆ ಒಂದು ಭಾನುವಾರ ಅಕ್ಕನ ಮನೆಗೆ ಹೋಗಿ, ನಾಲ್ಕೂ ಜನ ಕೂತು ಆ ಎರಡು ಭಾಗವನ್ನೂ ನೋಡಿ. ಮುಗಿದ ಮೇಲೆ ಮೊದಲು ನಿಮ್ಮ ಅಭಿಪ್ರಾಯ ಹೇಳಿ. ಅಮ್ಮ ಯಾರ ಕಡೆ ಅಂತ ತಿಳಿಯುವ ಕುತೂಹಲ ಮಕ್ಕಳಿಗೆ ಇದ್ದೇ ಇರುತ್ತದೆ. ಆಮೇಲೆ ಇಬ್ಬರೂ ಒಂದೊಂದು ಪುಟ ಬರೆಯಲಿ. ನಿಮ್ಮ ಮಗಳು ಪ್ರಿಯಾಳ ಮಾತಿನಲ್ಲಿ, ಅಕ್ಕನ ಮಗಳು ಸುರಭಿಯ ಮಾತಿನಲ್ಲಿ. ಯಾರು ಯಾರ ಕಡೆ ಅಂತ ನೀವು ಬರೆದಿಲ್ಲ, ಉಲ್ಟಾ ಇದ್ದರೆ ಅದಲು ಬದಲು ಮಾಡಿಕೊಳ್ಳಲಿ. ಮುಂದಿನ ತಿಂಗಳ 10ರೊಳಗೆ ನಮಗೆ ಸೇರುವ ಹಾಗೆ ಕಳಿಸಿ. ಎರಡನ್ನೂ ಒಂದೇ ಪುಟದಲ್ಲಿ, ಅಕ್ಕಪಕ್ಕದಲ್ಲಿ ಹಾಕುತ್ತೇನೆ.

– ಸಂಪಾದಕರು