ಕಾರ್ಡು ಒತ್ತಿದ ಒಂದು ವರ್ಷ

ತೈವಾನ್ ಮೂಲದ ಕಲಾವಿದ ತೆಹ್‌ಚಿಂಗ್ ಷಿಯೆ ಕುರಿತು ಕಳೆದ ಸಂಚಿಕೆಯಲ್ಲಿ ಬಂದ ಲೇಖನಕ್ಕೆ ದಾವಣಗೆರೆಯ ಓದುಗರೊಬ್ಬರ ಪ್ರತಿಕ್ರಿಯೆ: “30 ವರ್ಷ ಮಿಲ್ಲಿನಲ್ಲಿ ಹಾಜರಿ ಕಾರ್ಡು ಪಂಚ್ ಮಾಡಿದವನು ನಾನು. ನನ್ನನ್ನು ಯಾರೂ ಕಲಾವಿದ ಅನ್ನಲಿಲ್ಲ. ಈತ ಒಂದು ವರ್ಷ ಮಾಡಿದ್ದಕ್ಕೆ ಇಷ್ಟು ಪುಟಗಳೇ? ಮೈ ದಂಡಿಸಿಕೊಂಡದ್ದೆಲ್ಲ ಕಲೆಯೇ?”

ಮಾನ್ಯರೇ,

ಕಷ್ಟದ ಲೆಕ್ಕಕ್ಕೆ ಬಂದರೆ ನಿಮ್ಮದೇ ದೊಡ್ಡದು, ಅದರಲ್ಲಿ ಎರಡು ಮಾತಿಲ್ಲ. ಮೈ ದಂಡಿಸಿದ ಮಾತ್ರಕ್ಕೆ ಕಲೆಯಾಗದು ಎಂಬುದೂ ಸರಿಯೇ. ಷಿಯೆ ವರ್ಷಪೂರ್ತಿ ಪಂಜರದಲ್ಲಿ ಮಾತಿಲ್ಲದೆ, ಓದಿಲ್ಲದೆ ಕಳೆದದ್ದುಂಟು (1978–79). ಇನ್ನೊಂದು ವರ್ಷ ಯಾವ ಸೂರಿನಡಿಗೂ ಹೋಗುವುದಿಲ್ಲವೆಂದು ಪಣತೊಟ್ಟು ನ್ಯೂಯಾರ್ಕ್‌ನ ಬೀದಿಗಳಲ್ಲೇ ಬದುಕಿದ್ದುಂಟು. ಅವನ್ನೆಲ್ಲ ಬದಿಗಿಟ್ಟು, ನಿಮಗೆ ಚೆನ್ನಾಗಿ ಗೊತ್ತಿರುವ ಕಾರ್ಡಿನ ವಿಷಯವನ್ನೇ ಮಾತಾಡೋಣ.

1980ರ ಏಪ್ರಿಲ್ 11ರಂದು ಅವರು ತಲೆ ಬೋಳಿಸಿಕೊಂಡು, ಕಾರ್ಮಿಕರ ಸಮವಸ್ತ್ರ ತೊಟ್ಟು, ತಮ್ಮ ಮನೆಯಲ್ಲೇ ಇಟ್ಟುಕೊಂಡ ಪಂಚಿಂಗ್ ಮಷಿನ್ನಿಗೆ ಕಾರ್ಡು ಒತ್ತತೊಡಗಿದರು. ಗಂಟೆಗೊಮ್ಮೆ, ಹಗಲೂ ರಾತ್ರಿ, ಒಂದು ವರ್ಷ. ಪ್ರತಿ ಸಲವೂ ಸಿನಿಮಾ ಕ್ಯಾಮೆರಾದಲ್ಲಿ ತಮ್ಮದೊಂದು ಫ್ರೇಮು. ಗಂಟೆ ತುಂಬುವ ನಿದ್ದೆಯಿಲ್ಲ, ದೂರದ ಊರಿಗೆ ಹೋಗುವಂತಿಲ್ಲ. ಆ ಫ್ರೇಮುಗಳನ್ನು ಜೋಡಿಸಿದರೆ ಇಡೀ ವರ್ಷ ಸುಮಾರು 6 ನಿಮಿಷದಲ್ಲಿ ಮುಗಿಯುತ್ತದೆ: ಗಡಿಯಾರದ ಮುಳ್ಳು ಗಿರ್ರನೆ ತಿರುಗುತ್ತದೆ, ಕೂದಲು ಬೆಳೆದು ಕೆಳಗಿಳಿಯುತ್ತದೆ, ನಿಂತ ಮನುಷ್ಯ ಒಂದೇ ಸಮನೆ ಅದುರುತ್ತಿರುತ್ತಾನೆ.

ಒಟ್ಟು 8,760 ಸಲ ಒತ್ತಬೇಕಿತ್ತು. ತಪ್ಪಿದ್ದು 133. ನಿದ್ದೆಯಿಂದ 94, ತಡವಾಗಿ 29, ಅವಸರಪಟ್ಟು ಮೊದಲೇ ಒತ್ತಿದ್ದು 10. ಇದಿಷ್ಟನ್ನೂ ಅವರೇ ಲೆಕ್ಕವಿಟ್ಟು ಕೃತಿಯ ಜೊತೆಗಿಟ್ಟರು. ನನ್ನ ಮನಸ್ಸು ಗೆದ್ದದ್ದು ಈ ಪಟ್ಟಿ. ತಾನೆಷ್ಟು ಗಟ್ಟಿಗನೆಂದು ತೋರಿಸಿಕೊಳ್ಳಲು ಹೊರಟವರು ಕಣ್ಣು ಹತ್ತಿದ ರಾತ್ರಿಗಳನ್ನು ಹೀಗೆ ಎಣಿಸಿಡುವುದಿಲ್ಲ.

ನೀವು ಕಾರ್ಡು ಒತ್ತಿದಾಗ ಆ ಕಡೆ ಬಟ್ಟೆ ತಯಾರಾಗುತ್ತಿತ್ತು, ಈ ಕಡೆ ತಿಂಗಳ ಸಂಬಳ ಬರುತ್ತಿತ್ತು. ಷಿಯೆ ಎರಡನ್ನೂ ತೆಗೆದುಹಾಕಿ ಬರೀ ಹಾಜರಿಯನ್ನು ಉಳಿಸಿಕೊಂಡರು. ಆಗ ಕಣ್ಣಿಗೆ ಬೀಳುವುದು ಹೊತ್ತು ಒಂದೇ. ಅದು ಮೈಯೊಳಗಿಂದ ಹಾದುಹೋಗುವ ಬಗೆ. ಕೂಲಿಯ ಲೆಕ್ಕದಲ್ಲಿ, ಉತ್ಪಾದನೆಯ ಲೆಕ್ಕದಲ್ಲಿ ಮುಚ್ಚಿಹೋಗುವ ಸಂಗತಿ ಅದು.

ಇನ್ನೊಂದು ಮಾತು. ಅವರು 1974ರಲ್ಲಿ ಹಡಗಿನ ಕೆಲಸಗಾರನಾಗಿ ಅಮೆರಿಕಕ್ಕೆ ಬಂದು, ಫಿಲಡೆಲ್ಫಿಯಾ ಹತ್ತಿರ ಹಡಗಿನಿಂದ ಇಳಿದವರು ಮತ್ತೆ ಹತ್ತಲಿಲ್ಲ. 1988ರಲ್ಲಿ ಅಕ್ರಮ ವಲಸಿಗರಿಗೆ ಕೊಡುವ ಕ್ಷಮಾದಾನ ಸಿಗುವವರೆಗೂ ಕಾಗದಪತ್ರವಿಲ್ಲದೆ, ಹೋಟೆಲುಗಳಲ್ಲಿ ಪಾತ್ರೆ ತೊಳೆದು, ನೆಲ ಒರೆಸಿ ಬದುಕಿದರು. ಸರ್ಕಾರದ ಕಡತದಲ್ಲಿ ಹೆಸರೇ ಇಲ್ಲದ ಒಬ್ಬ ಮನುಷ್ಯ ಗಂಟೆಗಂಟೆಗೂ ಕಾರ್ಡಿನ ಮೇಲೆ, ಫಿಲ್ಮಿನ ಮೇಲೆ ‘ಇದ್ದೇನೆ’ ಎಂದು ಗುರುತು ಹಾಕಿಕೊಳ್ಳುತ್ತಾನೆ. ನಾನು ಇದನ್ನು ಓದಿಕೊಳ್ಳುವುದು ಹೀಗೆ. ಆ ಗುರುತುಗಳ ಮುಂದೆ ನಿಂತಾಗ ಕಲೆಯೋ ಅಲ್ಲವೋ ಎಂಬ ತಕರಾರು ನನಗೆ ಸಣ್ಣದಾಗಿ ಕಾಣುತ್ತದೆ.

ರಾತ್ರಿ ಪಾಳಿಯ ಬಗ್ಗೆ ನೀವು ಪತ್ರದಲ್ಲಿ ಎರಡೇ ಸಾಲು ಬರೆದು ನಿಲ್ಲಿಸಿದ್ದೀರಿ. ದಯವಿಟ್ಟು ಮುಂದುವರಿಸಿ ಕಳಿಸಿಕೊಡಿ. ಷಿಯೆಗೆ ಕೊಟ್ಟಷ್ಟೇ ಪುಟಗಳನ್ನು ನಿಮಗೂ ತೆಗೆದಿಡುತ್ತೇನೆ.

— ಸಂ.