ಅಮೆರಿಕದ ಕಾಲೇಜು ತಂಡವೊಂದು 1899ರಲ್ಲಿ ಆರು ದಿನಗಳಲ್ಲಿ ಐದು ಅಮೆರಿಕನ್ ಫುಟ್‌ಬಾಲ್ (ಚೆಂಡನ್ನು ಕೈಯಲ್ಲಿ ಹಿಡಿದು ನುಗ್ಗುವ ಆಟ) ಪಂದ್ಯ ಗೆದ್ದಿತ್ತೇ?

ಹೌದು, ಗೆದ್ದಿತ್ತು. ಟೆನೆಸ್ಸಿಯ ಬೆಟ್ಟದ ಮೇಲಿನ ಸೆವಾನೀ ಎಂಬ ಪುಟ್ಟ ಊರಿನ ಯೂನಿವರ್ಸಿಟಿ ಆಫ್ ದಿ ಸೌತ್ ತಂಡ ಅದು. ಆ ವರ್ಷ ಆಡಿದ 12 ಪಂದ್ಯಗಳನ್ನೂ ಗೆದ್ದಿತು. ಗಳಿಸಿದ ಅಂಕ 322, ಬಿಟ್ಟುಕೊಟ್ಟದ್ದು ಬರೀ 10. ಆ ಹತ್ತೂ ಆಬರ್ನ್ ತಂಡದ ಪಾಲು. ಆ ಪಂದ್ಯವನ್ನು ಸೆವಾನೀ 11-10ರಿಂದ ಹೇಗೋ ದಾಟಿತು.

ಮಾತಿಗೆ ಸಿಗುವುದು ನವೆಂಬರ್‌ನ ರೈಲು ಪ್ರವಾಸ. ಟೆನೆಸ್ಸಿಯದೇ ಆದ ವ್ಯಾಂಡರ್‌ಬಿಲ್ಟ್ ವಿಶ್ವವಿದ್ಯಾಲಯದ ಜೊತೆಗಿನ ಲಾಭದ ಪಂದ್ಯ ಹಣದ ತಕರಾರಿನಿಂದ ತಪ್ಪಿಹೋಗಿತ್ತು. ಕೈಬಿಟ್ಟ ಆದಾಯ ತುಂಬಿಕೊಳ್ಳಲು ವ್ಯವಸ್ಥಾಪಕ ಲ್ಯೂಕ್ ಲೀ (ಮುಂದೆ ಸೆನೆಟರ್ ಆದವನು) ಸುಮಾರು 4,000 ಕಿಲೋಮೀಟರ್ ಸುತ್ತಾಟ ಹೊಂದಿಸಿದ. 9ರಂದು ಆಸ್ಟಿನ್‌ನಲ್ಲಿ ಟೆಕ್ಸಸ್ ವಿರುದ್ಧ 12-0, ಮರುದಿನ ಹ್ಯೂಸ್ಟನ್‌ನಲ್ಲಿ ಟೆಕ್ಸಸ್ ಎ ಅಂಡ್ ಎಂ ವಿರುದ್ಧ 10-0, ಅದರ ಮರುದಿನ ನ್ಯೂ ಆರ್ಲಿಯನ್ಸ್‌ನಲ್ಲಿ ಟುಲೇನ್ ವಿರುದ್ಧ 23-0. ಭಾನುವಾರ ಬಿಡುವು. ಸೋಮವಾರ ಎಲ್‌ಎಸ್‌ಯು (ಲೂಸಿಯಾನ ಸ್ಟೇಟ್ ಯೂನಿವರ್ಸಿಟಿ) ವಿರುದ್ಧ 34-0, ಮಂಗಳವಾರ ಮೆಂಫಿಸ್‌ನಲ್ಲಿ ಓಲ್ ಮಿಸ್ (ಮಿಸಿಸಿಪ್ಪಿ ವಿಶ್ವವಿದ್ಯಾಲಯ) ವಿರುದ್ಧ 12-0. ಎದುರಾಳಿಗಳಿಗೆ ಒಂದೂ ಅಂಕ ದಕ್ಕಲಿಲ್ಲ!

ಆಗ ಟಚ್‌ಡೌನ್‌ಗೆ (ಚೆಂಡನ್ನು ಎದುರಾಳಿಯ ಕೊನೆಯ ಗೆರೆ ದಾಟಿಸುವುದಕ್ಕೆ) ಐದೇ ಅಂಕ. ಚೆಂಡನ್ನು ಮುಂದಕ್ಕೆ ಎಸೆಯುವಂತಿರಲಿಲ್ಲ, ಮೈಗೆ ಮೈ ತಾಗಿಸಿ ನುಗ್ಗಬೇಕಿತ್ತು. ದಾಳಿಗೂ ರಕ್ಷಣೆಗೂ ಅದೇ ಹನ್ನೊಂದು ಮಂದಿ. ಹಾಗಾಗಿ ನನಗೆ 322ಕ್ಕಿಂತ ದೊಡ್ಡದಾಗಿ ಕಾಣುವುದು ಆ ನೊಂದ ಮೈಗಳು ರಾತ್ರಿಯ ರೈಲಿನಿಂದ ಇಳಿದು ಮತ್ತೆ ಮೈದಾನಕ್ಕೆ ನಡೆದದ್ದು. ಹೊರಗಿನ ನೀರು ಕುಡಿದು ಕಾಯಿಲೆ ಬೀಳಬಾರದೆಂದು ಊರಿನ ಚಿಲುಮೆಯ ನೀರನ್ನು ಪೀಪಾಯಿಗಳಲ್ಲಿ ತುಂಬಿ ಜೊತೆಗೇ ಒಯ್ದಿದ್ದರಂತೆ.